ಗಾಯ ಒಸರಿದರೆ ಗಾಬರಿಯೇಕೆ?

ಸೂರತ್ತಿನಿಂದ ಮುಂಬಯಿಯ ಕಡೆಗೆ ಹೊರಟ ರೈಲು ಉಧನಾ, ಭೇಸ್ತಾನ್ ದಾಟಿದೊಡನೆ ಸಚಿನ್ ಬರುತ್ತದೆ. ಒಂದು ಕಾಲಕ್ಕೆ ಸಣ್ಣ ನವಾಬಿ ಸಂಸ್ಥಾನ. ಈಗ ಮಗ್ಗ, ಬಣ್ಣ, ರಾಸಾಯನಿಕಗಳ ಕಾರಖಾನೆಗಳ ಊರು. ಇಂತಹ ಕಡೆ ದುಡಿಯುವವರಿಗೆ ಕೈಕಾಲಿಗೆ ಗಾಯವಾಗುವುದು ಹೊಸದಲ್ಲ. ವೈದ್ಯರು ಹೊಲಿಗೆ ಹಾಕಿ ಪಟ್ಟಿ ಕಟ್ಟಿ ಕಳುಹಿಸುತ್ತಾರೆ. ಮುಂದಿನ ಹತ್ತು ದಿನ ನೋಡಿಕೊಳ್ಳಬೇಕಾದವರು ಮನೆಯವರು. ಈ ಸಲದ ಅಂಕಣವನ್ನು ಅವರಿಗೆಂದೇ ಮೀಸಲಿಟ್ಟಿದ್ದೇವೆ.

ಮರುದಿನ ಪಟ್ಟಿ ಒದ್ದೆಯಾದುದನ್ನು ಕಂಡು ‘ನಂಜಾಯಿತು’ ಎಂದು ಹೆದರುವವರುಂಟು. ನಾಲ್ಕೈದು ದಿನಗಳ ಬಳಿಕ ನಿಜವಾಗಿಯೇ ಕೀವು ಬಂದಾಗ ‘ಕೆಟ್ಟದ್ದೆಲ್ಲ ಹೊರಗೆ ಹೋಗಲಿ’ ಎಂದು ಸುಮ್ಮನಿರುವವರೂ ಉಂಟು. ಎರಡೂ ತಪ್ಪು ತಿಳಿವಳಿಕೆಯೇ. ಎರಡನೆಯದರಿಂದ ಅಪಾಯ ಹೆಚ್ಚು. ಇದು ನಮ್ಮವರಿಗೆ ಮಾತ್ರ ಅಂಟಿದ ನಂಬಿಕೆಯಲ್ಲ. ಯುರೋಪಿನ ವೈದ್ಯರು ಕೂಡ ಶತಮಾನಗಳ ಕಾಲ ಕೀವನ್ನು ಶುಭಲಕ್ಷಣವೆಂದೇ ಎಣಿಸಿದ್ದರು. 1867ರಲ್ಲಿ ಜೋಸೆಫ್ ಲಿಸ್ಟರ್ ಕಾರ್ಬಾಲಿಕ್ ಆಮ್ಲದಿಂದ ಗಾಯವನ್ನು ಶುದ್ಧಗೊಳಿಸುವ ಕ್ರಮವನ್ನು ಪ್ರಕಟಿಸಿದ ಮೇಲೆ ಆ ಭ್ರಮೆ ಮೆಲ್ಲನೆ ಹರಿಯಿತು.

ಹಾಗಾದರೆ ಮೊದಲ ದಿನಗಳಲ್ಲಿ ಒಸರುವ ನೀರು ಏನು? ಪೆಟ್ಟಾದ ಜಾಗದ ಸಣ್ಣ ರಕ್ತನಾಳಗಳು ಸಡಿಲವಾಗಿ, ರಕ್ತದೊಳಗಿನ ತಿಳಿನೀರು ಹೊರಗೆ ಜಿನುಗುತ್ತದೆ. ಅದರೊಡನೆ ರೋಗಾಣುಗಳನ್ನು ನುಂಗುವ ಬಿಳಿಯ ಕಣಗಳೂ ಹೊಸ ಮಾಂಸ ಚಿಗುರಲು ಬೇಕಾದ ಸತ್ತ್ವಗಳೂ ಬರುತ್ತವೆ. ಮೊದಲು ಕೆಂಪು, ಆಮೇಲೆ ನಸುಗೆಂಪು, ಬಳಿಕ ತಿಳಿಹಳದಿ, ದಿನದಿನಕ್ಕೆ ಕಡಮೆ. ಈ ಕ್ರಮದಲ್ಲಿ ನಡೆದರೆ ಗಾಯ ಮಾಯುತ್ತಿದೆಯೆಂದೇ ತಿಳಿಯಬೇಕು. ಒದ್ದೆಯ ಅಂಚಿಗೆ ಪಟ್ಟಿಯ ಮೇಲೆಯೇ ಪೆನ್ನಿನಿಂದ ಗೆರೆ ಎಳೆದು ಹೊತ್ತು ಬರೆದಿಟ್ಟರೆ, ಹೆಚ್ಚಿತೋ ನಿಂತಿತೋ ಎಂಬುದು ಕಣ್ಣಿಗೇ ಕಾಣುತ್ತದೆ.

ಈ ನೀರನ್ನು ಒಣಗಿಸಲು ಅರಿಶಿನ, ಕಾಫಿಪುಡಿ, ಟಾಲ್ಕಂ ಪುಡಿಗಳನ್ನು ತುಂಬುವ ಪದ್ಧತಿಯನ್ನು ದಯವಿಟ್ಟು ಬಿಡಬೇಕು. ಅಡಿಗೆಮನೆಯ ಡಬ್ಬಿಯ ಪುಡಿ ಶುದ್ಧವಲ್ಲ. ಅದು ಗಟ್ಟಿಯಾಗಿ ಕುಳಿತರೆ ಒಳಗಿನ ಸ್ಥಿತಿ ವೈದ್ಯರಿಗೂ ಕಾಣದು. ಗಾಳಿಗೆ ಬಿಟ್ಟು ಹಕ್ಕಳೆ ಕಟ್ಟಿಸುವುದೂ ಅಷ್ಟು ಒಳ್ಳೆಯದಲ್ಲ. 1962ರಲ್ಲಿ ಜಾರ್ಜ್ ವಿಂಟರ್ ಎಂಬವರು ಹಂದಿಗಳ ಮೇಲೆ ಪ್ರಯೋಗ ನಡೆಸಿದರು. ಗಾಳಿಗೆ ಬಿಟ್ಟ ಗಾಯಕ್ಕಿಂತ ಪಾಲಿಥಿನ್ ಹಾಳೆಯಿಂದ ಮುಚ್ಚಿದ ಗಾಯದ ಮೇಲೆ ಹೊಸ ಚರ್ಮ ಸುಮಾರು ಎರಡು ಪಾಲು ಬೇಗ ಹಬ್ಬಿತು. ಹಾಗೆಂದು ಮನೆಯಲ್ಲಿ ಪ್ಲಾಸ್ಟಿಕ್ ಸುತ್ತಬೇಡಿ! ಹಸಿ ಆರದಂತೆ, ಆದರೆ ತೊಪ್ಪೆಯಾಗದಂತೆ, ಶುದ್ಧವಾದ ಗಾಜುಬಟ್ಟೆಯಿಂದ ಮುಚ್ಚಿದರೆ ಸಾಕು. ಒಸರು ಬಟ್ಟೆಯನ್ನು ದಾಟಿ ಹೊರಕ್ಕೆ ಬಂದರೆ ಬದಲಿಸಬೇಕು. ಸೂರತ್ತಿನ ಬೆವರಿನ ದಿನಗಳಲ್ಲಂತೂ ತಡಮಾಡಬಾರದು. ಕೈಯನ್ನು ಸಾಬೂನಿನಿಂದ ತೊಳೆದು, ಅಂಟಿದ ಪಟ್ಟಿಯನ್ನು ಕಾಯಿಸಿ ಆರಿಸಿದ ನೀರಿನಲ್ಲಿ ನೆನೆಸಿ ಬಿಡಿಸಿ. ಒಣದಾಗಿ ಕಿತ್ತರೆ ಹೊಸ ಚರ್ಮವೂ ಜೊತೆಗೇ ಬರುತ್ತದೆ. ಗಾಯದೊಳಕ್ಕೆ ಸ್ಪಿರಿಟ್ಟು ಸುರಿಯುವುದೂ ಬೇಡ. ಅದು ರೋಗಾಣುವಿನೊಡನೆ ಚಿಗುರುವ ಮಾಂಸವನ್ನೂ ಸುಡುತ್ತದೆ.

ಪಥ್ಯದ ಮಾತು. ಬದನೆ, ಕುಂಬಳ, ತೊಗರಿ ಎಲ್ಲವೂ ನಂಜೆಂದು ಗಂಜಿಯಲ್ಲೇ ಇಡುವ ಹಿರಿಯರು ಇನ್ನೂ ಇದ್ದಾರೆ. ಒಸರಿನೊಡನೆ ಮೈಯ ಪ್ರೋಟೀನು ಹೊರಹೋಗುತ್ತದೆ. ಅದನ್ನು ತುಂಬಲು ಬೇಳೆ, ಹಾಲು, ಮೊಸರು, ತಿನ್ನುವವರಿಗೆ ಮೊಟ್ಟೆ, ಜೊತೆಗೆ ನಿಂಬೆ ಅಥವಾ ನೆಲ್ಲಿ ಬೇಕು. ಬೆಲ್ಲ ಬಿದ್ದ ಇಲ್ಲಿಯ ದಾಲ್ ನಮ್ಮ ನಾಲಗೆಗೆ ಒಗ್ಗದಿದ್ದರೂ ಗಾಯಕ್ಕೆ ಒಗ್ಗುತ್ತದೆ. ಸಕ್ಕರೆ ಕಾಯಿಲೆಯವರು ಮಾತ್ರ ಬೆಲ್ಲವನ್ನು ಬಿಟ್ಟು ಬೇಳೆಯನ್ನು ಉಣ್ಣಲಿ.

ಆ ಕಾಯಿಲೆಯವರ ವಿಷಯದಲ್ಲಿ ಒಂದು ಎಚ್ಚರಿಕೆ. ಅವರ ಪಾದಕ್ಕೆ ನೋವೇ ತಿಳಿಯದಿರಬಹುದು. ಕಾಲುಚೀಲದ ಮೇಲಿನ ಹಳದಿ ಕಲೆಯೇ ಮೊದಲ ಸುದ್ದಿ. ಮಲಗುವ ಮುನ್ನ ಅಜ್ಜ ಅಜ್ಜಿಯರ ಅಂಗಾಲನ್ನು ಮೊಮ್ಮಕ್ಕಳು ದೀಪ ಹಿಡಿದು ನೋಡಲಿ. ಅಲ್ಲಿ ಚಿಕ್ಕ ಹುಣ್ಣು ಕಂಡರೂ ತಡಮಾಡದೆ ವೈದ್ಯರಿಗೆ ತೋರಿಸಬೇಕು; ಕಾಲು ಉಳಿಯುವುದೂ ಹೋಗುವುದೂ ಎಷ್ಟೋ ಸಲ ಆ ಕೆಲವು ದಿನಗಳಲ್ಲಿ ತೀರ್ಮಾನವಾಗುತ್ತದೆ.

ಯಾರಿಗೇ ಆಗಲಿ, ಒಸರು ಗಟ್ಟಿಯಾಗಿ ಹಳದಿ ಅಥವಾ ಹಸಿರಿಗೆ ತಿರುಗಿದರೆ, ನಾತ ಬಂದರೆ, ಮೂರು ದಿನ ಕಳೆದ ಮೇಲೂ ನೋವು ಏರುತ್ತಿದ್ದರೆ, ಸುತ್ತ ಕೆಂಪು ಹಬ್ಬಿದರೆ, ಜ್ವರ ಕಾದರೆ ಅಂದೇ ವೈದ್ಯರಲ್ಲಿಗೆ ಹೋಗಬೇಕು. ಗಾಯದಿಂದ ತೋಳಿನುದ್ದಕ್ಕೆ ಕೆಂಪು ಗೆರೆ ಎದ್ದರೆ ಬೆಳಗಾಗುವವರೆಗೂ ಕಾಯಬೇಡಿ. ಹೊಟ್ಟೆಯ ಶಸ್ತ್ರಚಿಕಿತ್ಸೆಯಾದವರಿಗೆ ಕೆಲವು ದಿನಗಳ ಬಳಿಕ ಒಮ್ಮೆಲೇ ನಸುಗೆಂಪು ನೀರು ಧಾರಾಳವಾಗಿ ಬಂದರೆ, ಒಳಹೊಲಿಗೆ ಬಿಡುತ್ತಿರಬಹುದು. ಅವರನ್ನು ಮಲಗಿಸಿಯೇ ಆಸ್ಪತ್ರೆಗೆ ಒಯ್ಯಬೇಕು.

ರಜೆ ಹಾಕಿದರೆ ಕೂಲಿ ಹೋಗುತ್ತದೆಂದು ಒದ್ದೆ ಪಟ್ಟಿಯಲ್ಲೇ ಪಾಳಿಗೆ ಹೋಗುವವರ ಕಷ್ಟ ನಮಗೆ ತಿಳಿಯದ್ದಲ್ಲ. ಇ.ಎಸ್.ಐ. ಯೋಜನೆಗೆ ಸೇರಿದ ಕಾರ್ಮಿಕರಿಗೆ, ಕೆಲಸದಲ್ಲಿ ಆದ ಗಾಯದಿಂದ ದುಡಿಯಲಾಗದ ದಿನಗಳಿಗೆ ಸರಾಸರಿ ವೇತನದ ಶೇಕಡಾ 90ರಷ್ಟು ಭತ್ಯ ದೊರೆಯುತ್ತದೆ. ಅದಕ್ಕೆ ಗಾಯವಾದ ದಿನವೇ ಕಾರಖಾನೆಯ ಅಪಘಾತದ ಪುಸ್ತಕದಲ್ಲಿ ಬರೆಯಿಸಿ, ಇ.ಎಸ್.ಐ. ವೈದ್ಯರ ಸರ್ಟಿಫಿಕೇಟು ಪಡೆದಿರಬೇಕು.