ಒಂದು ವರ್ಷದ ಪಟ್ಟ

ಗೆಲುವನ್ನು ಅಂಕಿಗಳಲ್ಲಿ ಅಳೆಯುವುದು ಲೋಕರೂಢಿ. ಅಂಕಿಯಿಲ್ಲದೆ ಆಟವಿಲ್ಲವಾದ್ದರಿಂದ ಅದನ್ನು ತಪ್ಪೆನ್ನಲಾಗದು. ಆದರೆ ಅಂಕಿಯೊಂದೇ ಮನುಷ್ಯನ ಬೆಲೆಯೆಂದು ಬಗೆದಾಗ ಮನೆಮನೆಗಳಲ್ಲಿ ಎಳೆಯ ಮನಸ್ಸುಗಳು ನೋಯುತ್ತವೆ. ೨೦೨೪ರ ಡಿಸೆಂಬರಿನಲ್ಲಿ ಚೆನ್ನೈನ ಗುಕೇಶ್ ೧೮ನೆಯ ವಯಸ್ಸಿನಲ್ಲಿಯೇ ವಿಶ್ವ ಚದುರಂಗದ ಪಟ್ಟವನ್ನೇರಿದರು. ಅಂದಿನಿಂದ ತಮ್ಮ ಮಕ್ಕಳೂ ಹಾಗಾಗಬೇಕೆಂದು ಬಯಸುವ ತಾಯ್ತಂದೆಗಳನ್ನು ನಾವು ಕಾಣುತ್ತಿದ್ದೇವೆ. ಬಯಕೆ ಒಳ್ಳೆಯದೇ. ಆದರೆ ಪಟ್ಟವೆಂಬುದು ಎಷ್ಟು ಚಂಚಲ, ಅದು ಹೋದ ಮೇಲೂ ಉಳಿಯುವುದು ಯಾವುದು ಎಂಬುದನ್ನು ಅರಿಯಬೇಕಾದರೆ ರಷ್ಯಾ ದೇಶದ ಗ್ರ್ಯಾಂಡ್‌ಮಾಸ್ಟರ್ ವಾಸಿಲಿ ಸ್ಮಿಸ್ಲೋವ್ ಅವರ ಬಾಳನ್ನು ಒಮ್ಮೆ ನೋಡಬೇಕು.

ಸ್ಮಿಸ್ಲೋವ್ ೧೯೨೧ರ ಮಾರ್ಚ್ ೨೪ರಂದು ಮಾಸ್ಕೋ ನಗರದಲ್ಲಿ ಜನಿಸಿದರು. ಆರನೆಯ ವಯಸ್ಸಿನಲ್ಲಿ ಅವರಿಗೆ ಚದುರಂಗವನ್ನು ಕಲಿಸಿದವರು ತಂದೆಯೇ. ಆ ತಂದೆಯೂ ಸಾಮಾನ್ಯ ಆಟಗಾರರಲ್ಲ. ಮುಂದೆ ವಿಶ್ವ ಚಾಂಪಿಯನ್ ಆದ ಅಲೆಖಿನ್ ಅವರನ್ನು ೧೯೧೨ರಲ್ಲಿ ಒಮ್ಮೆ ಸೋಲಿಸಿದ್ದವರು. ಮಗನು ೧೯೪೦ರ ಸೋವಿಯತ್ ರಾಷ್ಟ್ರೀಯ ಪಂದ್ಯಾವಳಿಯಲ್ಲಿ ಮೂರನೆಯ ಸ್ಥಾನ ಪಡೆದು, ಪ್ರಖ್ಯಾತರಾಗಿದ್ದ ಬೋಟ್ವಿನ್ನಿಕ್ ಅವರನ್ನು ಹಿಂದಿಕ್ಕಿದರು. ೧೯೪೬ರಲ್ಲಿ ಅಲೆಖಿನ್ ಪಟ್ಟದಲ್ಲಿದ್ದಾಗಲೇ ತೀರಿಕೊಂಡದ್ದರಿಂದ, ತೆರವಾದ ಸ್ಥಾನಕ್ಕೆ ೧೯೪೮ರಲ್ಲಿ ಐವರ ನಡುವೆ ಸ್ಪರ್ಧೆ ನಡೆಯಿತು. ಬೋಟ್ವಿನ್ನಿಕ್ ಮೊದಲಿಗರಾಗಿ ಚಾಂಪಿಯನ್ ಆದರು, ಸ್ಮಿಸ್ಲೋವ್ ಎರಡನೆಯವರಾದರು.

ಚದುರಂಗದಷ್ಟೇ ಸಂಗೀತವೂ ಅವರ ಪ್ರಾಣವಾಗಿತ್ತು. ಗಂಭೀರ ಕಂಠದ ಗಾಯಕರಾದ ಅವರು ೧೯೫೦ರಲ್ಲಿ ಮಾಸ್ಕೋದ ಬೋಲ್ಶೊಯ್ ರಂಗಮಂದಿರದ ಗಾಯಕರ ಆಯ್ಕೆಗೆ ಹೋಗಿ ಹಾಡಿದರು, ಆಯ್ಕೆಯಾಗಲಿಲ್ಲ. ಒಂದು ಬಾಗಿಲು ಮುಚ್ಚಿತೆಂದು ಅವರು ಹಾಡನ್ನು ಬಿಡಲಿಲ್ಲ, ಆಟವನ್ನೂ ಬಿಡಲಿಲ್ಲ. ಹಾಡಿನಲ್ಲಿ ಸ್ವರಗಳು ಕೂಡಿಕೊಳ್ಳುವಂತೆ ಮಣೆಯ ಮೇಲೆ ಕಾಯಿಗಳು ಒಂದಕ್ಕೊಂದು ಒತ್ತಾಸೆಯಾಗಿ ನಿಲ್ಲಬೇಕೆಂಬುದು ಅವರ ಆಟದ ತಿರುಳು. ಮುಂದೆ ತಮ್ಮ ಪುಸ್ತಕವೊಂದಕ್ಕೆ ಅವರಿಟ್ಟ ಹೆಸರಿನ ಅರ್ಥವೂ ‘ಸಾಮರಸ್ಯದ ಅನ್ವೇಷಣೆಯಲ್ಲಿ’ ಎಂದೇ.

ವಿಶ್ವ ಚಾಂಪಿಯನ್ನರಿಗೆ ಎದುರಾಳಿಯನ್ನು ಆರಿಸುವ ಪಂದ್ಯಾವಳಿಗೆ ಕ್ಯಾಂಡಿಡೇಟ್ಸ್ ಎಂದು ಹೆಸರು. ೧೯೫೩ರಲ್ಲಿ ಸ್ವಿಟ್ಜರ್‌ಲೆಂಡಿನ ಜ್ಯೂರಿಚ್‌ನಲ್ಲಿ ಅದು ನಡೆದಾಗ ಸ್ಮಿಸ್ಲೋವ್ ೨೮ ಪಂದ್ಯಗಳಲ್ಲಿ ೧೮ ಅಂಕ ಗಳಿಸಿದರು. ಬ್ರಾನ್‌ಸ್ಟೀನ್, ಕೆರೆಸ್, ರೆಶೆವ್‌ಸ್ಕಿಯಂಥ ದಿಗ್ಗಜರು ಅವರಿಗಿಂತ ಎರಡು ಅಂಕ ಹಿಂದೆ ಉಳಿದರು. ಗೆದ್ದರೆ ಒಂದು ಅಂಕ, ಸಮನಾದರೆ ಅರ್ಧ ಅಂಕ ಎಂಬುದು ಈ ಆಟದ ಲೆಕ್ಕ.

ಮರುವರ್ಷ ಬೋಟ್ವಿನ್ನಿಕ್ ಅವರೊಡನೆ ೨೪ ಪಂದ್ಯಗಳ ಹಣಾಹಣಿ ನಡೆಯಿತು. ಇಬ್ಬರೂ ಏಳೇಳು ಪಂದ್ಯ ಗೆದ್ದರು, ಅಂಕ ೧೨–೧೨. ಸಮನಾದರೆ ಪಟ್ಟ ಇದ್ದವರಲ್ಲಿಯೇ ಉಳಿಯಬೇಕೆಂಬುದು ನಿಯಮ. ಸೋಲದೆಯೇ ಸ್ಮಿಸ್ಲೋವ್ ಬರಿಗೈಯಲ್ಲಿ ಮರಳಿದರು. ಅವರು ಗೊಣಗುತ್ತ ಕೂರಲಿಲ್ಲ. ೧೯೫೬ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ ಮತ್ತೆ ಕ್ಯಾಂಡಿಡೇಟ್ಸ್ ಗೆದ್ದು, ೧೯೫೭ರಲ್ಲಿ ಬೋಟ್ವಿನ್ನಿಕ್ ಅವರನ್ನು ೧೨.೫–೯.೫ರಿಂದ ಸೋಲಿಸಿ ಏಳನೆಯ ವಿಶ್ವ ಚಾಂಪಿಯನ್ ಆದರು. ಆದರೆ ಸೋತ ಚಾಂಪಿಯನ್ನರು ಒಂದು ವರ್ಷದೊಳಗೆ ಮರುಪಂದ್ಯ ಕೇಳಬಹುದೆಂಬ ನಿಯಮ ಅಂದು ಇತ್ತು. ೧೯೫೮ರಲ್ಲಿ ಬೋಟ್ವಿನ್ನಿಕ್ ೧೨.೫–೧೦.೫ರಿಂದ ಪಟ್ಟವನ್ನು ಮರಳಿ ಪಡೆದರು.

ವಾಚಕ ಬಂಧುಗಳು ಇಲ್ಲಿ ಒಂದು ಸಣ್ಣ ಕೂಡುಲೆಕ್ಕ ಮಾಡಿ ನೋಡಬೇಕು. ಮೂರು ಹಣಾಹಣಿಗಳಲ್ಲಿ ಇಬ್ಬರೂ ಆಡಿದ್ದು ಒಟ್ಟು ೬೯ ಪಂದ್ಯ. ಸ್ಮಿಸ್ಲೋವ್ ಗೆದ್ದದ್ದು ೧೮, ಬೋಟ್ವಿನ್ನಿಕ್ ಗೆದ್ದದ್ದು ೧೭, ಸಮನಾದವು ೩೪. ಒಟ್ಟು ಅಂಕ ೩೫ಕ್ಕೆ ೩೪, ಮುಂದಿದ್ದವರು ಸ್ಮಿಸ್ಲೋವ್! ಆದರೂ ಪಟ್ಟದ ಪಟ್ಟಿಯಲ್ಲಿ ಅವರ ಹೆಸರಿನ ಮುಂದೆ ಇರುವುದು ಒಂದೇ ವರ್ಷ. ಅಂಕಿ ಸುಳ್ಳು ಹೇಳುವುದಿಲ್ಲ ಎನ್ನುತ್ತೇವೆ. ಒಂದೇ ಅಂಕಿಯನ್ನು ಹಿಡಿದು ನೋಡಿದರೆ ಅದು ಪೂರ್ಣ ಸತ್ಯವನ್ನೂ ಹೇಳುವುದಿಲ್ಲ.

ಮೂವತ್ತೇಳರ ವಯಸ್ಸಿನಲ್ಲಿ ಪಟ್ಟ ಕಳೆದುಕೊಂಡವರು ಕಹಿಯುಂಡು ಮೂಲೆ ಸೇರಿದ್ದರೆ ಅಚ್ಚರಿಪಡಬೇಕಾಗಿರಲಿಲ್ಲ. ಸ್ಮಿಸ್ಲೋವ್ ಮಾತ್ರ ಆಡುತ್ತಲೇ ಹೋದರು. ಕಾಲು ಶತಮಾನ ಕಳೆದ ಮೇಲೆ, ೧೯೮೩ರಲ್ಲಿ, ಅರವತ್ತೆರಡರ ಹರೆಯದಲ್ಲಿ ಅವರು ಮತ್ತೆ ಕ್ಯಾಂಡಿಡೇಟ್ಸ್ ಕಣದಲ್ಲಿದ್ದರು! ಆಸ್ಟ್ರಿಯಾದ ವೆಲ್ಡೆನ್ ಎಂಬಲ್ಲಿ ಜರ್ಮನಿಯ ಹ್ಯೂಬ್ನರ್ ಅವರೊಡನೆ ೧೪ ಪಂದ್ಯಗಳಾದರೂ ಅಂಕ ೭–೭. ಕೊನೆಗೆ ಜೂಜುಕಟ್ಟೆಯ ರೂಲೆಟ್ ಚಕ್ರವನ್ನು ತಿರುಗಿಸಿ ತೀರ್ಮಾನಿಸಲಾಯಿತು. ಅದೃಷ್ಟ ಸ್ಮಿಸ್ಲೋವ್ ಅವರ ಕಡೆಗಾಯಿತು. ೧೯೫೪ರಲ್ಲಿ ಸಮಬಲ ಅವರಿಂದ ಪಟ್ಟವನ್ನು ತಪ್ಪಿಸಿತು. ೧೯೮೩ರಲ್ಲಿ ಅದೇ ಸಮಬಲ ಮುಂದಿನ ದಾರಿ ತೆರೆಯಿತು. ಅಂದು ಕುಗ್ಗದವರು ಇಂದು ಹಿಗ್ಗುವಂತೆಯೂ ಇಲ್ಲ. ಚಕ್ರ ಯಾರ ಸೊತ್ತೂ ಅಲ್ಲ. ಚಕ್ರ ತಿರುಗುವವರೆಗೆ ಕಣದಲ್ಲಿ ನಿಲ್ಲುವ ಶಕ್ತಿ ಮಾತ್ರ ನಮ್ಮದು.

ಆಮೇಲೆ ಹಂಗೇರಿಯ ರಿಬ್ಲಿ ಅವರನ್ನು ಶುದ್ಧ ಆಟದಿಂದಲೇ ೬.೫–೪.೫ರಿಂದ ಸೋಲಿಸಿ ಅವರು ಅಂತಿಮ ಸುತ್ತಿಗೆ ಬಂದರು. ೧೯೮೪ರಲ್ಲಿ ವಿಲ್ನಿಯಸ್ ನಗರದಲ್ಲಿ ಅವರ ಎದುರಿಗೆ ಕುಳಿತವರು ೨೦ರ ತರುಣ ಕ್ಯಾಸ್ಪರೋವ್. ಮೊಮ್ಮಗನ ವಯಸ್ಸಿನ ಆ ಎದುರಾಳಿ ೮.೫–೪.೫ರಿಂದ ಗೆದ್ದರು. ಸ್ಮಿಸ್ಲೋವ್ ಒಂದು ಪಂದ್ಯವನ್ನೂ ಗೆಲ್ಲಲಿಲ್ಲ, ಆದರೆ ಒಂಬತ್ತನ್ನು ಸಮ ಮಾಡಿಕೊಂಡರು. ೧೯೯೧ರಲ್ಲಿ ಹಿರಿಯರ ಮೊದಲ ವಿಶ್ವ ಪಂದ್ಯಾವಳಿ ನಡೆದಾಗ, ಎಪ್ಪತ್ತರ ವಯಸ್ಸಿನಲ್ಲಿ ಆ ಪಟ್ಟವನ್ನು ಧರಿಸಿದವರು ಅವರೇ. ಮುಂದೆ ಕಣ್ಣಿನ ಬೆಳಕು ಮಂದವಾಗಿ ಮಣೆಯೇ ಕಾಣದಂತಾದಾಗ, ಆಟದ ಕೊನೆಯ ಘಟ್ಟಕ್ಕೆ ಸಂಬಂಧಿಸಿದ ಸಮಸ್ಯೆಗಳನ್ನು ಮನಸ್ಸಿನಲ್ಲಿಯೇ ಹೆಣೆಯುತ್ತಿದ್ದರು. ೨೦೧೦ರ ಮಾರ್ಚ್ ೨೭ರಂದು, ೮೯ ತುಂಬಿದ ಮೂರು ದಿನಗಳಿಗೆ, ಮಾಸ್ಕೋದಲ್ಲಿ ನಿಧನರಾದರು.

ಅರವತ್ತು ದಾಟಿದ ನಮ್ಮಂಥವರಿಗೆ ಈ ಬಾಳು ಹೇಳುವ ಮಾತು ಒಂದು: ನಿವೃತ್ತಿ ಹುದ್ದೆಗೆ, ವಿದ್ಯೆಗಲ್ಲ. ಎಳೆಯರ ತಾಯ್ತಂದೆಗಳಿಗೆ ಹೇಳುವ ಮಾತು ಇನ್ನೊಂದು. ಪಂದ್ಯಾವಳಿಗಳಲ್ಲಿ ಮಕ್ಕಳು ತಮ್ಮ ನಡೆಗಳನ್ನು ಹಾಳೆಯಲ್ಲಿ ಬರೆದುಕೊಳ್ಳುತ್ತಾರೆ. ಸೋತು ಬಂದ ಮಗುವಿಗೆ ಮೊದಲು ಊಟ ಬಡಿಸಿರಿ. ಆಮೇಲೆ ಆ ಹಾಳೆಯನ್ನು ಬಿಡಿಸಿ, ಮಣೆಯ ಮುಂದೆ ಮಗುವಿನ ಎದುರು ನೀವೇ ಕುಳಿತು, ಎಲ್ಲಿ ದಾರಿ ತಪ್ಪಿತೆಂದು ತೋರಿಸಲು ಹೇಳಿರಿ. ನಿಮಗೆ ಆಟ ಬಾರದಿದ್ದರೂ ಚಿಂತೆಯಿಲ್ಲ. ಆ ಹೊತ್ತು ಮಗುವೇ ನಿಮಗೆ ಗುರುವಾಗಲಿ. ಹೀಗೆ ಕಲಿತದ್ದನ್ನು ಯಾವ ಮರುಪಂದ್ಯವೂ ಕಸಿದುಕೊಳ್ಳಲಾರದು.