ಬೀಳ್ಕೊಟ್ಟ ಫೋಟೋಗೆ ‘ರಕ್ಷಣೆ’ ಅಂತ ಹೆಸರಿಟ್ಟರು

ಒಂದು ಹಳೇ ಫೋಟೋ ಇದೆ. ಹಿಮ, ಕಲ್ಲಿನ ದಡದಲ್ಲಿ ನಿಂತ ಗಂಡಸರು ಸಮುದ್ರದ ಕಡೆಗೆ ಕೈ ಬೀಸುತ್ತಿದ್ದಾರೆ. ಕಾಪಾಡಲು ಬಂದ ದೋಣಿ ಕಂಡು ಕುಣಿದ ಗಳಿಗೆ ಇದು ಎಂದು ಜಗತ್ತಿಗೆ ತೋರಿಸಿದರು. ಸುಳ್ಳು. ಅವತ್ತು ದೋಣಿ ಬರುತ್ತಿರಲಿಲ್ಲ, ಹೋಗುತ್ತಿತ್ತು.

ತೆಗೆದವನು ಆಸ್ಟ್ರೇಲಿಯಾದ ಫ್ರಾಂಕ್ ಹರ್ಲಿ. 1914ರಲ್ಲಿ ಅರ್ನೆಸ್ಟ್ ಶ್ಯಾಕಲ್ಟನ್ ತಂಡದ ಜೊತೆ ಅಂಟಾರ್ಕ್ಟಿಕಾ ಕಡೆಗೆ ಹೊರಟ ಕ್ಯಾಮೆರಾಮನ್. ಸಿನಿಮಾದ ಹಕ್ಕನ್ನು ಮುಂಚೆಯೇ ಮಾರಿ ಯಾತ್ರೆಗೆ ದುಡ್ಡು ಹೊಂದಿಸಿದ್ದರು. ಅವರ ಹಡಗು ‘ಎಂಡ್ಯೂರೆನ್ಸ್’ ಹಿಮಕ್ಕೆ ಸಿಕ್ಕಿ ನುಜ್ಜುಗುಜ್ಜಾಗಿ 1915ರ ನವೆಂಬರ್‌ನಲ್ಲಿ ಮುಳುಗಿತು. ಅದಕ್ಕೂ ಮುಂಚೆ ಹರ್ಲಿ ಒಡೆದ ಹಡಗಿನೊಳಗೆ ಕೊರೆಯುವ ನೀರಿಗೆ ಇಳಿದು ನೆಗೆಟಿವ್ ಡಬ್ಬಿಗಳನ್ನು ಮೇಲೆತ್ತಿದ. ಹೊರಲಾಗದೆ ಸುಮಾರು 400 ಗಾಜಿನ ಪ್ಲೇಟ್ ಒಡೆದು ಹಾಕಿ, ಸುಮಾರು 120 ಉಳಿಸಿಕೊಂಡರು. ಸಿನಿಮಾ ಕ್ಯಾಮೆರಾ ಅಲ್ಲೇ ಬಿಟ್ಟರು. ಕೈಯಲ್ಲಿ ಉಳಿದದ್ದು ಪುಟ್ಟ ಕೊಡಾಕ್, ಮೂರು ರೋಲ್ ಫಿಲ್ಮ್. ಆ ಧೈರ್ಯಕ್ಕೆ ಕೈ ಮುಗಿಯೋಣ. ಸುಳ್ಳಿಗೆ ಮುಗಿಯುವುದು ಬೇಡ.

1916ರ ಏಪ್ರಿಲ್ 24. ಎಲಿಫೆಂಟ್ ದ್ವೀಪದಿಂದ ಶ್ಯಾಕಲ್ಟನ್ ಐವರನ್ನು ಕರೆದುಕೊಂಡು, ಸುಮಾರು 1,300 ಕಿ.ಮೀ. ದೂರದ ಸೌತ್ ಜಾರ್ಜಿಯಾಕ್ಕೆ ಸಣ್ಣ ದೋಣಿಯಲ್ಲಿ ಹೊರಟ. ದಡದಲ್ಲಿ 22 ಮಂದಿ ಉಳಿದರು. ಹೋದವರು ತಿರುಗಿ ಬರುತ್ತಾರೋ ಇಲ್ಲವೋ ಗೊತ್ತಿಲ್ಲ. ಫೋಟೋದಲ್ಲಿ ಕೈ ಬೀಸುತ್ತಿರುವುದು ಹಾಗೆ ಉಳಿದವರು.

ಆಮೇಲೆ 128 ದಿನ. ಮಗುಚಿ ಹಾಕಿದ ಎರಡು ದೋಣಿಗಳ ಕೆಳಗೆ ವಾಸ. ಸೀಲ್, ಪೆಂಗ್ವಿನ್ ಮಾಂಸವೇ ಊಟ. ಬ್ಲ್ಯಾಕ್‌ಬರೋ ಎಂಬ ಹುಡುಗನ ಒಂದು ಕಾಲಿನ ಬೆರಳುಗಳು ಚಳಿಗೆ ಕೊಳೆತು, ಅಲ್ಲೇ ಕತ್ತರಿಸಬೇಕಾಯಿತು. ಚಿಲಿ ದೇಶದ ‘ಯೆಲ್ಚೊ’ ಹಡಗು ಬಂದದ್ದು ಆಗಸ್ಟ್ 30ಕ್ಕೆ. ಬೀಳ್ಕೊಡುಗೆಯನ್ನೇ ರಕ್ಷಣೆ ಎಂದರೆ, ಆ ನಾಲ್ಕು ತಿಂಗಳು ಎಲ್ಲಿ ಹೋಯಿತು?

ಸಿನಿಮಾದ ಕಥೆಯೂ ಅಷ್ಟೆ. ಹಡಗು ಹೋದಮೇಲಿನ ಪಾಡು ಚಿತ್ರೀಕರಣ ಆಗಿರಲಿಲ್ಲ. 1917ರಲ್ಲಿ ಹರ್ಲಿಯನ್ನು ಮತ್ತೆ ಸೌತ್ ಜಾರ್ಜಿಯಾಕ್ಕೆ ಕಳಿಸಿ, ಪ್ರಾಣಿ ಪಕ್ಷಿಗಳನ್ನು ಚಿತ್ರೀಕರಿಸಿ ತಂದು, 1919ರ ‘ಸೌತ್’ ಸಿನಿಮಾಕ್ಕೆ ಸೇರಿಸಿದರು.

‘ಸಾಲ ಇತ್ತು, ಜನರಿಗೆ ರೋಚಕವಾದದ್ದೇ ಬೇಕಿತ್ತು’ ಎನ್ನುವವರಿದ್ದಾರೆ. ಇರಲಿ. ಫಿಲ್ಮ್ ಇರಲಿಲ್ಲ ಎನ್ನುವುದು ಬಡತನ. ಇಲ್ಲದ್ದನ್ನು ಇದೆ ಎನ್ನುವುದು ಮೋಸ. ‘ಇದು ಬೀಳ್ಕೊಟ್ಟ ದಿನ’ ಎಂದು ಬರೆಯಲು ಒಂದು ಕಾಸೂ ಖರ್ಚಾಗುತ್ತಿರಲಿಲ್ಲ. ಆ ಫೋಟೋದ ಬೆಲೆಯೂ ಕಮ್ಮಿ ಆಗುತ್ತಿರಲಿಲ್ಲ, ಹೆಚ್ಚುತ್ತಿತ್ತು.

ನಿಮ್ಮ ಫೋನಿಗೂ ದಿನಾ ಇಂಥ ಫೋಟೋ ಬರುತ್ತವೆ. ಚಿತ್ರ ನಿಜ, ಕೆಳಗಿನ ಸಾಲು ಸುಳ್ಳು. ಫಾರ್ವರ್ಡ್ ಮಾಡುವ ಮುಂಚೆ ಎರಡೇ ಪ್ರಶ್ನೆ ಕೇಳಿ: ಯಾವತ್ತು ತೆಗೆದದ್ದು? ದೋಣಿ ಬರುತ್ತಿದೆಯೋ, ಹೋಗುತ್ತಿದೆಯೋ?