ವಾದಪತ್ರದ ತಿದ್ದುಪಡಿಯೂ ನ್ಯಾಯಾಲಯದ ಎಲ್ಲೆಯೂ

ದಾವೆ ಹೂಡಿದವನು ತನ್ನ ವಾದಪತ್ರವನ್ನು ಆಮೇಲೆ ತಿದ್ದಬಹುದೇ? ತಿದ್ದಬಹುದೆಂದು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 6ನೆಯ ಆದೇಶದ 17ನೆಯ ನಿಯಮವು ಹೇಳುತ್ತದೆ. 1999ರ ಕಾಯಿದೆಯು ಈ ನಿಯಮವನ್ನೇ ಕಿತ್ತುಹಾಕಲು ಹೊರಟಿತ್ತು. ವಕೀಲರು ಪ್ರತಿಭಟಿಸಿದ ಬಳಿಕ 2002ರಲ್ಲಿ ಅದು ಒಂದು ಕಟ್ಟಿನೊಡನೆ ಉಳಿಯಿತು. ವಿಚಾರಣೆ ಆರಂಭವಾದ ಮೇಲೆ, ತಕ್ಕ ಎಚ್ಚರ ವಹಿಸಿದ್ದರೂ ವಿಷಯವನ್ನು ಮೊದಲೇ ಎತ್ತಲಾಗುತ್ತಿರಲಿಲ್ಲವೆಂದು ತೋರಿಸಿದ ಹೊರತು ತಿದ್ದುಪಡಿಯಿಲ್ಲ. ಈ ಕಟ್ಟು ನ್ಯಾಯವಾದುದೇ. ನಮ್ಮ ಮಂಡ್ಯ ಸೀಮೆಯ ಬಡ ಕಕ್ಷಿಗಾರನನ್ನು ಬಾಧಿಸುವುದು ಬೇರೊಂದು.

ಮದ್ದೂರಿನ ಪೇಟೆಯಂಚಿನಲ್ಲಿ ಒಬ್ಬನಿಗೆ ನಿವೇಶನವಿದೆಯೆನ್ನೋಣ. ನೆರೆಯವನು ಬೇಲಿ ಕಿತ್ತನು. ಇವನು ಕಿರಿಯ ಶ್ರೇಣಿಯ ಸಿವಿಲ್ ನ್ಯಾಯಾಲಯದಲ್ಲಿ ಬರಿಯ ಪ್ರತಿಬಂಧಕಾಜ್ಞೆಯನ್ನು ಬೇಡಿದನು. ಸಾಕ್ಷ್ಯ ನಡೆಯುತ್ತಿರುವಾಗ ನೆರೆಯವನು ಒಳನುಗ್ಗಿ ಗೋಡೆಯೆಬ್ಬಿಸಿ, ಹಕ್ಕೂ ತನ್ನದೆಂದನು. ಈಗ ಹಕ್ಕಿನ ಘೋಷಣೆಯನ್ನೂ ಸ್ವಾಧೀನವನ್ನೂ ಬೇಡದೆ ಗತಿಯಿಲ್ಲ. ಬೇಡಿದೊಡನೆ ದಾವೆಯ ಬೆಲೆಯು ಪೇಟೆಯ ಧಾರಣೆಗೇರಿ ಆ ನ್ಯಾಯಾಲಯದ ಹಣದ ಎಲ್ಲೆಯನ್ನು ದಾಟುತ್ತದೆ. ಅಷ್ಟು ಮಾತ್ರಕ್ಕೆ ತಿದ್ದುಪಡಿಯನ್ನು ನಿರಾಕರಿಸಲಾಗದೆಂದು ಸರ್ವೋಚ್ಚ ನ್ಯಾಯಾಲಯವೇ ಹೇಳಿದೆ. ಒಳ್ಳೆಯದು, ಆದರೆ ಮುಂದೇನು? ವಾದಪತ್ರವನ್ನು ಹಿಂದಿರುಗಿಸುವರು. ಹಿರಿಯ ಶ್ರೇಣಿಯ ನ್ಯಾಯಾಲಯದಲ್ಲಿ ಎಲ್ಲವೂ ಮೊದಲಿನಿಂದ. ಒಮ್ಮೆ ಸಾಕ್ಷಿ ನುಡಿದ ಮುದುಕನು ಮತ್ತೆ ಕಟಕಟೆ ಹತ್ತಬೇಕು.

ಐದು ಆಡಳಿತಗಳಲ್ಲಿ ಹರಿದು ಹಂಚಿದ್ದ ಕನ್ನಡನಾಡು 1956ರಲ್ಲಿ ಒಂದಾಯಿತು. 1964ರಲ್ಲಿ ಅದರ ಸಿವಿಲ್ ನ್ಯಾಯಾಲಯಗಳಿಗೆ ಒಂದೇ ಕಾಯಿದೆ ಬಂದಿತು. ಆದರೆ 1979ರ ಕಾಯಿದೆಯು ಬೆಂಗಳೂರಿಗೆ ನಗರ ಸಿವಿಲ್ ನ್ಯಾಯಾಲಯವನ್ನು ಬೇರೆಯೇ ಕಟ್ಟಿಕೊಟ್ಟಿತು. ಅದಕ್ಕೆ ಹಣದ ಮೇಲೆಲ್ಲೆಯಿಲ್ಲ. ತಿದ್ದುಪಡಿಯಿಂದ ಬೆಲೆ ಏರಿತೆಂದು ಅಲ್ಲಿ ವಾದಪತ್ರ ಹಿಂದಿರುಗದು. ಬೆಂಗಳೂರಿನವನಿಗಿಲ್ಲದ ಈ ಅಲೆದಾಟ ಮಳವಳ್ಳಿಯವನಿಗೇಕೆ? ನಾಡು ಒಂದಾದ ಮೇಲೆ ನ್ಯಾಯದ ದಾರಿಯೂ ಒಂದಾಗಬೇಡವೇ?

ಇದಕ್ಕೆ ಮದ್ದು ಸಂಹಿತೆಯಲ್ಲಿಯೇ ಇದೆ. ಅಧಿಕಾರವಿಲ್ಲದ ನ್ಯಾಯಾಲಯದಿಂದಲೂ ದಾವೆಯನ್ನು ವರ್ಗಾಯಿಸಬಹುದೆಂದು 24ನೆಯ ಕಲಮಿಗೆ 1976ರಲ್ಲಿ ಸೇರಿಸಲಾಯಿತು. ವರ್ಗವಾಗಿ ಬಂದ ದಾವೆಯನ್ನು ನಿಂತಲ್ಲಿಂದಲೇ ಮುಂದುವರಿಸಲು ಅದೇ ಕಲಮು ಅವಕಾಶವೀಯುತ್ತದೆ. ಆದಕಾರಣ ವಾದಪತ್ರ ಹಿಂದಿರುಗುವ ಮುನ್ನವೇ ಮಂಡ್ಯದ ಜಿಲ್ಲಾ ನ್ಯಾಯಾಲಯಕ್ಕೆ ವರ್ಗಾವಣೆಯ ಅರ್ಜಿ ಸಲ್ಲಿಸುವುದು ವಕೀಲರ ಕರ್ತವ್ಯ. ಕಕ್ಷಿಗಾರನ ಕೋರಿಕೆ ಅದೊಂದಕ್ಕೆ ನಿಲ್ಲಬಾರದು: ತಿದ್ದುಪಡಿಯಿಂದ ಎಲ್ಲೆ ದಾಟಿದ ದಾವೆಯು ತಾನಾಗಿಯೇ ಮೇಲಿನ ನ್ಯಾಯಾಲಯಕ್ಕೆ ಸಾಗುವಂತೆ ಶಾಸನಸಭೆಯು ನಿಯಮ ಮಾಡಲಿ.

ಉಪಾಧ್ಯಾಯ ಮಹಾಶಯರಲ್ಲಿ ಒಂದು ವಿಜ್ಞಾಪನೆ. ಹಳ್ಳಿಗನು ಕಾಗದವನ್ನು ಮೊದಲು ತೋರಿಸುವುದು ತಮಗೆ. ಹಕ್ಕಿನ ತಕರಾರಿದ್ದರೆ ಆರಂಭದಲ್ಲಿಯೇ ಘೋಷಣೆಯನ್ನು ಬೇಡೆಂದು ಅವನಿಗೆ ತಿಳಿಯಹೇಳಿರಿ. 1938ರಲ್ಲಿ ಶಿವಪುರದಲ್ಲಿ ನಿಷೇಧಾಜ್ಞೆಯನ್ನು ಮೀರಿ ಧ್ವಜವೇರಿಸಿದ ಸೀಮೆಯಿದು. ತನ್ನದೇ ಕಾಯಿದೆಯನ್ನು ಅರಿಯದೆ ಇಲ್ಲಿನವನು ಸೋಲಬಾರದು.